ಮುಳ್ಳಿಗೆ ಹತ್ತು, ಗಡ್ಡಕ್ಕೆ ಎರಡು

ಅಮೆರಿಕದಲ್ಲಿ ಸತ್ತ ಕೋಳಿಗೂ ಮಾರ್ಕ್ಸ್ ಕಾರ್ಡು ಕೊಡುತ್ತಾರೆ. ನಗಬೇಡಿ, ನಾನು ಕಣ್ಣಾರೆ ಕಂಡಿದ್ದೇನೆ. ಕಂಡದ್ದು ಪಕ್ಕದ ಮನೆ ಅಣ್ಣನ ಮೊಬೈಲಿನಲ್ಲಿ, ಬೇಲಿಯ ಈಚೆ ನಿಂತು, ಕತ್ತು ಉದ್ದ ಮಾಡಿ.

ಮೊದಲು ಅಣ್ಣನ ಪರಿಚಯ ಆಗಬೇಕು. ಅವರು ಕೋಲಾರ ಚಿನ್ನದ ಗಣಿಯ ಅಸೇ ಆಫೀಸಿನಲ್ಲಿ ಕೆಲಸಕ್ಕಿದ್ದವರು. ಅಸೇ ಅಂದರೆ ಅದಿರಿನಲ್ಲಿ ಚಿನ್ನ ಎಷ್ಟಿದೆ ಅಂತ ಪರೀಕ್ಷೆ ಮಾಡುವ ಜಾಗ. ಕಲ್ಲಿನ ಪುಡಿಯನ್ನು ಸೀಸದ ಜೊತೆ ಕರಗಿಸುತ್ತಾರೆ. ಆ ಸೀಸದ ಉಂಡೆಯನ್ನು ಮೂಳೆಬೂದಿಯ ಪುಟ್ಟ ಬಟ್ಟಲಿನಲ್ಲಿಟ್ಟು ಕುಲುಮೆಗೆ ತಳ್ಳಿದರೆ ಬಟ್ಟಲು ಸೀಸವನ್ನೆಲ್ಲ ಹೀರಿಕೊಂಡು ತಳದಲ್ಲೊಂದು ಮಣಿ ಉಳಿಸುತ್ತದೆ. ಆಸಿಡ್ಡಿನಲ್ಲಿ ಅದರ ಬೆಳ್ಳಿ ಕಳೆದರೆ ಚಿನ್ನದ ಚೂರು. ಅದನ್ನು ಗಾಜಿನ ಪೆಟ್ಟಿಗೆಯೊಳಗಿನ ತಕ್ಕಡಿಯಲ್ಲಿಟ್ಟು, ಬಾಗಿಲು ಮುಚ್ಚಿ, ಉಸಿರು ಬಿಗಿಹಿಡಿದು ಓದಬೇಕು. ಗಣಿಯ ಕೊನೆಗಾಲದಲ್ಲಿ ಒಂದು ಟನ್ ಕಲ್ಲಿಗೆ ಮೂರು ನಾಲ್ಕು ಗ್ರಾಂ ಚಿನ್ನ ಸಿಕ್ಕುವ ಪರಿಸ್ಥಿತಿ. ಅಂಥ ಕಾಲದಲ್ಲಿ ತೂಕದಲ್ಲಿ ಕೂದಲೆಳೆ ಹೆಚ್ಚು ಕಮ್ಮಿಯಾದರೂ ಮೇಲಿನವರು ಸುಮ್ಮನಿರುತ್ತಿರಲಿಲ್ಲವಂತೆ. 2001ರ ಫೆಬ್ರವರಿ 28ಕ್ಕೆ ಗಣಿ ನಡೆಸುತ್ತಿದ್ದ ಬಿಜಿಎಂಎಲ್ ಬಾಗಿಲು ಹಾಕಿತು. ತೂಗುವುದಕ್ಕೆ ಏನೂ ಇಲ್ಲದೆ ಹೋದ ಮೇಲೆ ಅಣ್ಣ ಊರವರ ಮಾತು ತೂಗುವುದಕ್ಕೆ ಶುರುಮಾಡಿದರು. ನನ್ನ ಮಾತು ಹತ್ತಿರದಲ್ಲೇ ಸಿಗುವ ಅದಿರು. ಬಂಗಾರಪೇಟೆಯಲ್ಲಿ ಹುಟ್ಟಿ ರಾಬರ್ಟ್‌ಸನ್‌ಪೇಟೆಯಲ್ಲಿ ಪಾಠ ಹೇಳಿ ರಿಟೈರ್ ಆದವನು ನಾನು. ಟನ್ನಿಗೆ ಎಷ್ಟು ಗ್ರಾಂ ನಿಜ ಸಿಗುತ್ತದೋ ಅವರಿಗೇ ಗೊತ್ತು.

"ಮೇಷ್ಟ್ರೇ, ಇಲ್ಲಿ ಬನ್ನಿ ಸ್ವಲ್ಪ. ನಮ್ಮ ಅಳಿಯಂದ್ರು ಕೆಂಟಕಿಯಾಗೆ ಕೋಳಿ ಹೊಡ್ದವ್ರೆ. ಅರವತ್ತೈದು ಬಂದೈತೆ."

"ಅರವತ್ತೈದು ಕೋಳಿನಾ?"

"ಒಂದೇ ಕೋಳಿ. ಅರವತ್ತೈದು ಮಾರ್ಕು."

ಫೋಟೋ ನೋಡಿದೆ. ಅಳಿಯಂದಿರು ಎಲೆ ಬಣ್ಣದ ಅಂಗಿ ತೊಟ್ಟು ಮಂಡಿಯೂರಿ ಕೂತಿದ್ದಾರೆ. ಮುಂದೆ ಬಾಲ ಬಿಚ್ಚಿ ಮಲಗಿಸಿದ ದೊಡ್ಡ ಹಕ್ಕಿ. ಬೋಳು ತಲೆ, ಅದರಲ್ಲಿ ಕೆಂಪು ನೀಲಿ ಬಿಳಿ ಮೂರೂ ಬಣ್ಣ. ಮೈ ಕಂಚಿನ ಹೊಳಪು. ಎದೆಯ ಮಧ್ಯದಿಂದ ಒಂದು ಹಿಡಿ ಕಪ್ಪು ಕೂದಲು ಜೋತುಬಿದ್ದಿದೆ. ಇದು ಕಾಡು ಟರ್ಕಿ. ನಮ್ಮ ಕಡೆ ಕ್ರಿಸ್‌ಮಸ್ ಹೊತ್ತಿಗೆ ಮಾತು ಬರುವ ಸಾಕು ಟರ್ಕಿಯ ಕಾಡಿನ ನೆಂಟ. ಆ ಎದೆಗೂದಲಿಗೆ ಅಲ್ಲಿಯವರು ಗಡ್ಡ ಅನ್ನುತ್ತಾರೆ. ಕೂದಲಿನ ಹಾಗೆ ಕಂಡರೂ ಅದು ಗರಿಯದೇ ಒಂದು ರೂಪ. ಹಕ್ಕಿ ಬದುಕಿರುವವರೆಗೂ ಬೆಳೆಯುತ್ತಲೇ ಇರುತ್ತದೆ. ಆದರೆ ಉದ್ದವಾದಂತೆ ಮೇಯುವಾಗ ನೆಲಕ್ಕೆ ತಾಗಿ ತುದಿ ಸವೆಯುತ್ತದೆ, ಹಾಗಾಗಿ ಹತ್ತು ಹನ್ನೆರಡು ಅಂಗುಲದ ಆಸುಪಾಸಿನಲ್ಲಿ ನಿಂತುಬಿಡುತ್ತದೆ. ಗಂಡಿಗೆ ಮಾತ್ರವಲ್ಲ, ಕೆಲವು ಹೆಣ್ಣಿಗೂ ಬರುತ್ತದೆ ಅಂತ ಕೇಳಿ ಅಣ್ಣ ಮನೆಯೊಳಗೊಮ್ಮೆ ನೋಡಿ ದನಿ ತಗ್ಗಿಸಿ ನಕ್ಕರು.

ಹೊಡೆಯುವ ರೀತಿಯೂ ತಮಾಷೆಯದು. ವಸಂತದಲ್ಲಿ, ಗಂಡು ಹೆಣ್ಣನ್ನು ಕೂಗಿ ಕರೆಯುವ ಕಾಲದಲ್ಲಿ, ಬೇಟೆಗಾರ ಮರಕ್ಕೆ ಒರಗಿ ಕೂತು ಒಂದು ಪುಟ್ಟ ಸ್ಲೇಟಿನ ಬಿಲ್ಲೆಯ ಮೇಲೆ ಕಡ್ಡಿ ಉಜ್ಜುತ್ತಾನೆ. ಆ ಕಿರ್ ಕಿರ್ ಸದ್ದು ಹೆಣ್ಣು ಟರ್ಕಿಯ ಕೂಗಿಗೆ ಹತ್ತಿರ. ಗಂಡು ಬಾಲ ಬಿಚ್ಚಿಕೊಂಡು ಬರುತ್ತದೆ. ನಾನು ಜೀವಮಾನವೆಲ್ಲ ಸ್ಲೇಟಿನ ಮೇಲೆ ಕಡ್ಡಿ ಉಜ್ಜುವುದನ್ನು ಕೇಳಿದ್ದೇನೆ. ಹೆಡ್‌ಮೇಷ್ಟ್ರು ಬಿಟ್ಟರೆ ಇನ್ಯಾರೂ ಬರಲಿಲ್ಲ.

ಈಗ ಲೆಕ್ಕಕ್ಕೆ ಬರೋಣ. ಅಮೆರಿಕದಲ್ಲಿ ನ್ಯಾಷನಲ್ ವೈಲ್ಡ್ ಟರ್ಕಿ ಫೆಡರೇಷನ್ ಅಂತ ಒಂದು ಸಂಸ್ಥೆ ಇದೆ. 1973ರಲ್ಲಿ ಶುರುವಾದದ್ದು, ದಕ್ಷಿಣ ಕರೋಲಿನಾದ ಎಡ್ಜ್‌ಫೀಲ್ಡ್ ಎಂಬ ಊರಿನಲ್ಲಿ ಅದರ ಕಚೇರಿ. ದಾಖಲೆ ಪಟ್ಟಿ ಇಡುವವರು ಅವರೇ. ಅಳೆಯುವುದು ಮೂರು ಸಂಗತಿ: ಮೈತೂಕ, ಎದೆಯ ಗಡ್ಡ, ಕಾಲಿನ ಹಿಂದೆ ಬರುವ ಮುಳ್ಳು. ತೂಕ ಪೌಂಡಿಗೆ ಒಂದರಂತೆ. ಗಡ್ಡದ ಉದ್ದ ಎಷ್ಟು ಅಂಗುಲವೋ ಅದಕ್ಕೆ ಎರಡರಿಂದ ಗುಣಾಕಾರ. ಎರಡು ಕಾಲಿನ ಮುಳ್ಳಿನ ಉದ್ದ ಕೂಡಿ ಹತ್ತರಿಂದ ಗುಣಾಕಾರ. ಮೂರನ್ನೂ ಕೂಡಿದರೆ ಸ್ಕೋರು. ಅಳತೆಯೆಲ್ಲ ಅಂಗುಲದ ಎಂಟನೇ ಒಂದು ಭಾಗದವರೆಗೆ.

ಅಣ್ಣ ಕರೆಂಟ್ ಬಿಲ್ಲಿನ ಬೆನ್ನ ಮೇಲೆ ಪೆನ್ಸಿಲಿನಲ್ಲಿ ಹಾಕಿಟ್ಟಿದ್ದ ಲೆಕ್ಕ ತೋರಿಸಿದರು. ತೂಕ 20 ಪೌಂಡು 4 ಔನ್ಸು, ಅಂದರೆ 20.25. ನಮ್ಮ ಲೆಕ್ಕದಲ್ಲಿ ಒಂಬತ್ತು ಕೆಜಿಯ ಮೇಲೆ ಚೂರು. ಗಡ್ಡ ಹತ್ತೂವರೆ ಅಂಗುಲ, ಎರಡರಿಂದ ಗುಣಿಸಿದರೆ 21. ಒಂದು ಮುಳ್ಳು ಒಂದೂ ಕಾಲು ಅಂಗುಲ, ಇನ್ನೊಂದು ಒಂದು ಅಂಗುಲದ ಮೇಲೆ ಎಂಟನೇ ಒಂದು ಭಾಗ. ಎರಡೂ ಸೇರಿ 2.375, ಹತ್ತರಿಂದ ಗುಣಿಸಿದರೆ 23.75. ಒಟ್ಟು ಸರಿಯಾಗಿ 65.

ಲೆಕ್ಕ ಸರಿಯಿತ್ತು. ಆದರೆ ಅಣ್ಣನಿಗೆ ಔನ್ಸಿನ ಮೇಲೆ ತಕರಾರು.

"ನಾಲ್ಕು ಔನ್ಸು ಅಂದ್ರೆ ಕಾಲು ಪೌಂಡು ಎಂಗಾಗ್ತೈತೆ ಮೇಷ್ಟ್ರೇ? ಪೌಂಡಿಗೆ ಹನ್ನೆರಡು ಔನ್ಸು. ನಾಲ್ಕು ಅಂದ್ರೆ ಮೂರ್ನೇ ಒಂದು ಭಾಗ ಆಗ್ಬೇಕು."

ಇದು ಕೆಜಿಎಫ್‌ನವರಿಗೆ ಮಾತ್ರ ಬರುವ ಅನುಮಾನ. ಚಿನ್ನದ ತೂಕ ಟ್ರಾಯ್ ಲೆಕ್ಕ: ಹನ್ನೆರಡು ಔನ್ಸಿಗೆ ಒಂದು ಪೌಂಡು, ಒಂದು ಔನ್ಸು 31 ಗ್ರಾಮಿನ ಮೇಲೆ. ಕೋಳಿ, ಕಾಫಿಪುಡಿ, ಕಬ್ಬಿಣಕ್ಕೆಲ್ಲ ಬೇರೆ ಲೆಕ್ಕ: ಹದಿನಾರು ಔನ್ಸಿಗೆ ಒಂದು ಪೌಂಡು, ಒಂದು ಔನ್ಸು 28 ಗ್ರಾಮಿನ ಮೇಲೆ. ಹಾಗಾಗಿ ಒಂದು ಪೌಂಡು ಚಿನ್ನ 373 ಗ್ರಾಂ, ಒಂದು ಪೌಂಡು ಕೋಳಿಪುಕ್ಕ 453 ಗ್ರಾಂ. ಪುಕ್ಕವೇ ಭಾರ! ಔನ್ಸಿಗೆ ಔನ್ಸು ತೂಗಿದರೆ ಮಾತ್ರ ಚಿನ್ನ ಭಾರ. ಮಕ್ಕಳಿಗೆ ಒಂದು ಕೆಜಿ ಹತ್ತಿ ಭಾರವೋ ಒಂದು ಕೆಜಿ ಕಬ್ಬಿಣ ಭಾರವೋ ಅಂತ ಕೇಳಿ ಅವರು ಬೆಪ್ಪಾಗುವುದನ್ನು ನೋಡಿ ಖುಷಿಪಡುತ್ತಿದ್ದ ನಾನು, ಈ ಪ್ರಶ್ನೆ ಆಗಲೇ ತಿಳಿದಿದ್ದರೆ ಇನ್ಸ್‌ಪೆಕ್ಟರಿಗೇ ಕೇಳುತ್ತಿದ್ದೆ. ಅಣ್ಣ ಒಪ್ಪಿದರು. ಆದರೆ ಅಂಗುಲದ ಎಂಟನೇ ಒಂದು ಭಾಗಕ್ಕೆ ನಿಲ್ಲುವ ಅಳತೆಯನ್ನು ಅಳತೆ ಅನ್ನುವುದಕ್ಕೆ ಅವರ ಮನಸ್ಸು ಈಗಲೂ ಒಪ್ಪಿಲ್ಲ.

ಅಷ್ಟರಲ್ಲಿ ಅಕ್ಕ ಬಂದರು. ಅಣ್ಣನ ಮನೆಯವರು. ಮನೆಯಲ್ಲಿ ನಾಟಿಕೋಳಿ ಸಾಕಿದ್ದಾರೆ, ಸಾಲದ್ದಕ್ಕೆ ಸಂತೆಯಿಂದಲೂ ತರುತ್ತಾರೆ. ಹುಂಜ ಕೊಳ್ಳುವಾಗ ಅಕ್ಕ ಮಾಡುವ ಕೆಲಸವನ್ನು ನೋಡಬೇಕು. ಮಾರುವವನು ಎರಡು ಕಾಲು ಹಿಡಿದು ತಲೆಕೆಳಗಾಗಿ ಎತ್ತಿ ತೂಕ ಹೇಳುತ್ತಿರುತ್ತಾನೆ. ಅಕ್ಕ ಅವನ ಮಾತಿಗೆ ಕಿವಿಗೊಡುವುದಿಲ್ಲ. ಹೆಬ್ಬೆಟ್ಟನ್ನು ಹುಂಜದ ಕಾಲಿನ ಹಿಂದೆ ಆಡಿಸುತ್ತಾರೆ. ಅಲ್ಲಿ ಬರೀ ಗಂಟು ಸಿಕ್ಕರೆ ಎಳೆಯದು, ಸಾರಿಗೆ ಸರಿ. ಮುಳ್ಳು ಉದ್ದವಾಗಿ ಮೇಲಕ್ಕೆ ಬಾಗಿ ತುದಿ ಚುಚ್ಚುವಂತಿದ್ದರೆ ಬಲಿತದ್ದು, ಎಂಟು ವಿಷಲ್ ಕೂಗಿಸಿದರೂ ಹಲ್ಲಿಗೆ ಕೆಲಸ. ಆಮೇಲೆ ಎದೆಮೂಳೆಯ ತುದಿ ಒತ್ತಿ ನೋಡುತ್ತಾರೆ. ಬಾಗಿದರೆ ಎಳಸು, ಗಟ್ಟಿಯಿದ್ದರೆ ಮುದಿ. ತಕ್ಕಡಿಗೆ ಹಾಕುವುದು ಎಲ್ಲಕ್ಕಿಂತ ಕೊನೆಗೆ.

ಅಕ್ಕ ಫೋಟೋ ದೊಡ್ಡದು ಮಾಡಿ ಕಾಲನ್ನೇ ನೋಡಿದರು. "ಇಷ್ಟುದ್ದ ಮುಳ್ಳು! ಇದು ಅಜ್ಜ ಕೋಳಿ. ಇದನ್ನ ಯಾರು ತಿಂತಾರೆ? ಇದಕ್ಕಾ ಅರವತ್ತೈದು?"

ಟರ್ಕಿ ಸ್ಕೋರಿನ ಮರ್ಮ ನನಗೆ ಬಿಚ್ಚಿಕೊಂಡದ್ದು ಅಲ್ಲಿ. ಪಾತ್ರೆಗೆ ಯಾವುದು ಬೇಡವೋ ಅದಕ್ಕೇ ಹತ್ತು ಪಟ್ಟು! ಒಂದು ವರ್ಷದ ಗಂಡು ಟರ್ಕಿ ತೆಗೆದುಕೊಳ್ಳಿ. ಹದಿನೈದು ಪೌಂಡು ತೂಗುತ್ತದೆ, ಗಡ್ಡ ನಾಲ್ಕು ಅಂಗುಲ, ಮುಳ್ಳು ಕಾಲು ಕಾಲು ಅಂಗುಲ ಅಂದುಕೊಳ್ಳೋಣ. ಹದಿನೈದು, ಎಂಟು, ಐದು. ಕೂಡಿದರೆ 28. ಫೇಲು. ಸಾರಿಗೆ ಮಾತ್ರ ಇದೇ ರ್‍ಯಾಂಕು. ಮೆಕ್ಕೆಜೋಳ ಬೆಳೆಯುವ ಹೊಲದ ಪಕ್ಕದ ಹಕ್ಕಿ ಮೇದು ಮೇದು ತೂಕ ಏರಿಸಿಕೊಳ್ಳಬಹುದು, ಆದರೆ ಮುಳ್ಳು ಮೇವಿಗೆ ಬಗ್ಗುವುದಿಲ್ಲ. ಅದಕ್ಕೆ ಬೇಕಾದದ್ದು ವರ್ಷಗಳು. ನರಿ, ಕಾಡುಬೆಕ್ಕು, ಬಂದೂಕು ಎಲ್ಲವನ್ನೂ ತಪ್ಪಿಸಿಕೊಂಡು ಮೂರು ನಾಲ್ಕು ವಸಂತ ಕಳೆದ ಹಕ್ಕಿಗೆ ಮಾತ್ರ ಒಂದಂಗುಲ ದಾಟಿದ ಮುಳ್ಳು. ಹಾಗೆ ಬಿಟ್ಟರೆ ಇಪ್ಪತ್ತು ಪೌಂಡಿನ ಪಕ್ಕದಲ್ಲಿ ಎರಡಂಗುಲ ಮುಳ್ಳು ಲೆಕ್ಕಕ್ಕೇ ಬರುತ್ತಿರಲಿಲ್ಲ. ಹತ್ತರ ಗುಣಾಕಾರದಿಂದ ಮೂರು ಅಂಕಣವೂ ಇಪ್ಪತ್ತರ ಆಸುಪಾಸಿಗೆ ಬಂದು ಕೂತಿವೆ. ಲೆಕ್ಕ ಕಟ್ಟಿದವನು ಬುದ್ಧಿವಂತ, ಒಪ್ಪಬೇಕು. ಮಾಂಸಕ್ಕಲ್ಲ, ಮುಪ್ಪಿಗೆ ಮಾರ್ಕು ಕೊಡುವ ಸ್ಕೋರು ಇದು. ನನ್ನಂಥವನಿಗೆ ಸ್ವಲ್ಪ ಸಮಾಧಾನವೂ ಹೌದು.

ಒಂದೇ ಹಕ್ಕಿಗೆ ಎರಡು ಮೂರು ಗಡ್ಡ ಬಂದಿರುವುದೂ ಉಂಟು. ಅದಕ್ಕೆ ಪ್ರತ್ಯೇಕ ಪಟ್ಟಿ, ಎಲ್ಲ ಗಡ್ಡದ ಉದ್ದವನ್ನೂ ಕೂಡುತ್ತಾರೆ. ಮೆಕ್ಸಿಕೋದ ಯುಕಟಾನ್ ಕಡೆ ಇನ್ನೊಂದು ಜಾತಿಯ ಟರ್ಕಿ ಇದೆ, ಬಾಲದಲ್ಲಿ ನವಿಲಿನ ಹಾಗೆ ಕಣ್ಣುಗಳು. ಅದಕ್ಕೆ ಗಡ್ಡವೇ ಬರುವುದಿಲ್ಲ. ಪಾಪ, ಆ ಅಂಕಣ ಖಾಲಿ.

ಅಂದಹಾಗೆ ನಮ್ಮ ದೇಶದಲ್ಲಿ ಟರ್ಕಿಯ ಮೊದಲ ದೊಡ್ಡ ದಾಖಲೆ ಬಂದೂಕಿನದಲ್ಲ, ಕುಂಚದ್ದು. 1612ರಲ್ಲಿ ಗೋವಾದಿಂದ ಜಹಾಂಗೀರ್ ಬಾದಷಹನ ಆಸ್ಥಾನಕ್ಕೆ ತರಿಸಿದ ವಿಚಿತ್ರ ಪ್ರಾಣಿಗಳಲ್ಲಿ ಟರ್ಕಿಯೂ ಇತ್ತು. ಬಾದಷಹ ಅದರ ತಲೆಯ ಬಣ್ಣ ಗಳಿಗೆ ಗಳಿಗೆಗೂ ಬದಲಾಗುವುದನ್ನು ಬೆರಗಿನಿಂದ ಬರೆಸಿದ. ಮನ್ಸೂರ್ ಎಂಬ ಚಿತ್ರಕಾರ ಅದನ್ನು ಗರಿ ಗರಿಯೂ ಎಣಿಸುವಂತೆ ಬರೆದ. ಆ ಚಿತ್ರ ಈಗ ಲಂಡನ್ನಿನ ವಿಕ್ಟೋರಿಯಾ ಅಂಡ್ ಆಲ್ಬರ್ಟ್ ಮ್ಯೂಸಿಯಮ್ಮಿನಲ್ಲಿದೆ. ಆ ಕೋಳಿಯ ಮುಳ್ಳನ್ನು ಯಾರೂ ಅಳೆಯಲಿಲ್ಲ, ಆದರೂ ನಾನೂರು ವರ್ಷ ಬಾಳಿತು.

ಸರಿ, ಅಳೆಯುವ ನಿಯಮ. ಇಲ್ಲೇ ಅಣ್ಣನಿಗೆ ಉತ್ಸಾಹ ಬಂದದ್ದು. ಗಡ್ಡವನ್ನು ಚರ್ಮದಿಂದ ಹೊರಬರುವ ಜಾಗದ ನಡುವಿನಿಂದ ತುದಿಯವರೆಗೆ ಅಳೆಯಬೇಕು, ಚರ್ಮವನ್ನೂ ಸೇರಿಸಿಕೊಂಡು ಎಳೆಯುವಂತಿಲ್ಲ. ಮುಳ್ಳನ್ನು ಕಾಲಿನ ಪೊರೆ ಮುಗಿದು ಕೊಂಬು ಶುರುವಾಗುವ ಜಾಗದಿಂದ, ಹೊರಬಾಗಿನ ನಡುಗೆರೆಯ ಮೇಲೆ ತುದಿಯವರೆಗೆ. ತೂಕಕ್ಕೆ ವ್ಯಾಪಾರಕ್ಕೆ ಯೋಗ್ಯ ಅಂತ ಮುದ್ರೆ ಬಿದ್ದ ತಕ್ಕಡಿ ಬೇಕು. ಸಾಕ್ಷಿ ರುಜು ಬೇಕು.

"ನೋಡಿ, ಒಂದೊಂದು ರೂಲ್ಸಿನ ಹಿಂದೆ ಒಬ್ಬೊಬ್ಬ ಕಳ್ಳ ಅವ್ನೆ," ಅಂದರು ಅಣ್ಣ. "ಚರ್ಮ ಎಳ್ದೋನೊಬ್ಬ, ಬಾತ್‌ರೂಮ್ ತಕ್ಕಡಿಯಾಗೆ ತೂಗಿದೋನೊಬ್ಬ, ಒಬ್ನೇ ನಿಂತು ಅಳೆದೋನೊಬ್ಬ. ಗಣಿ ಗೇಟಿನಾಗೆ ನಮ್ಮ ಮೈ ತಡವಿ ಬಿಡ್ತಿದ್ರಲ್ಲ, ಅದೇ ಲೆಕ್ಕ."

ಈ ಮಾತು ನಿಜ. ಅದಕ್ಕೆ ಸಾಕ್ಷಿ ಹುಡುಕಿಕೊಂಡು ಕೆಂಟಕಿಗೆ ಹೋಗಬೇಕಾಗಿಲ್ಲ, ನಮ್ಮ ದೊರೆಗಳ ಹುಲಿಯೇ ಸಾಕು. ಲಂಡನ್ನಿನಲ್ಲಿ ರೋಲೆಂಡ್ ವಾರ್ಡ್ ಅಂತ ಒಬ್ಬ ಇದ್ದ, ಸತ್ತ ಪ್ರಾಣಿಗಳಿಗೆ ಹೊಟ್ಟು ತುಂಬಿ ನಿಲ್ಲಿಸುವ ಕಸುಬಿನವನು. 1892ರಲ್ಲಿ ಅವನು ದೊಡ್ಡ ಬೇಟೆಗಳ ದಾಖಲೆ ಪುಸ್ತಕ ತಂದ. ಯಾವ ದೊರೆಯ ಗೋಡೆಯ ಮೇಲೆ ಎಷ್ಟು ಅಂಗುಲದ ಕೊಂಬು, ಯಾವ ಮಹಾರಾಜರ ಹುಲಿ ಎಷ್ಟು ಉದ್ದ ಅಂತ ಪಟ್ಟಿ. ಅಲ್ಲಿಂದ ಜಗಳವೂ ಬಿರುಸಾಯಿತು. ಹುಲಿಯನ್ನು ಅಳೆಯಲು ಎರಡು ದಾರಿ. ಒಂದು, ಮೂಗಿನ ತುದಿಯಿಂದ ಬಾಲದ ತುದಿಯವರೆಗೆ ಟೇಪನ್ನು ಮೈಮೇಲೆ ಹಾಸಿ, ತಲೆಯ ಉಬ್ಬು, ಕತ್ತಿನ ತಗ್ಗು, ಬೆನ್ನಿನ ಏರಿಳಿತ ಎಲ್ಲದರ ಮೇಲೂ ಹಾಯಿಸಿ ಅಳೆಯುವುದು. ಇನ್ನೊಂದು, ಹುಲಿಯನ್ನು ನೇರ ಮಲಗಿಸಿ ಮೂಗಿನ ಹತ್ತಿರ ಒಂದು ಗೂಟ, ಬಾಲದ ತುದಿಗೆ ಒಂದು ಗೂಟ ಹೊಡೆದು, ಹುಲಿಯನ್ನು ಪಕ್ಕಕ್ಕೆ ಸರಿಸಿ ಗೂಟದಿಂದ ಗೂಟಕ್ಕೆ ಅಳೆಯುವುದು. ಮೊದಲನೆಯದರಲ್ಲಿ ಅದೇ ಹುಲಿ ಐದಾರು ಅಂಗುಲ ಉದ್ದವಾಗುತ್ತದೆ. ಟೇಪನ್ನು ಬೆರಳಿನಿಂದ ತಗ್ಗಿಗೆಲ್ಲ ಒತ್ತುತ್ತ ಹೋದರೆ ಇನ್ನೂ ಒಂದಿಷ್ಟು ಲಾಭ. ಮೂರನೆಯ ದಾರಿಯೂ ಇತ್ತು: ಚರ್ಮ ಸುಲಿದು, ಹಸಿಯಿರುವಾಗ ಎಳೆದು ಮೊಳೆ ಹೊಡೆದು, ಒಣಗಿದ ಮೇಲೆ ಅಳೆಯುವುದು. ಆ ದಾರಿಯಲ್ಲಿ ಹುಲಿ ಸತ್ತ ಮೇಲೂ ಬೆಳೆಯುತ್ತದೆ.

ಜಿಮ್ ಕಾರ್ಬೆಟ್ಟರು 1930ರಲ್ಲಿ ಹೊಡೆದ ಪೊವಾಲ್‌ಗಢದ ಹುಲಿಯ ಅಳತೆ 10 ಅಡಿ 7 ಅಂಗುಲ ಅಂತ ಎಲ್ಲರೂ ಹೇಳುತ್ತಾರೆ. ಅದು ಮೈಯುಬ್ಬಿನ ಮೇಲೆ ಹಾಯಿಸಿದ ಅಳತೆ ಅಂತ ಅವರೇ ಬರೆದಿದ್ದಾರೆ. ಹಾಗೆ ಬರೆದದ್ದು ಅವರ ದೊಡ್ಡತನ. ಹೇಳುವವರು ಮಾತ್ರ ಆ ಮಾತನ್ನು ನುಂಗಿ ಅಡಿ ಅಂಗುಲ ಮಾತ್ರ ಹೇಳುತ್ತಾರೆ. ವೈಸ್‌ರಾಯ್ ಸಾಹೇಬರ ಟೇಪಿನ ಕಥೆಯಂತೂ ಶಿಕಾರಿಯವರ ಬಾಯಲ್ಲಿ ಹಳೆಯದು. ದೊಡ್ಡ ಸಾಹೇಬರು ಬಂದಾಗ ಬೇರೆಯದೇ ಒಂದು ಟೇಪು ಹೊರಗೆ ಬರುತ್ತಿತ್ತಂತೆ, ಅದರಲ್ಲಿ ಅಡಿಗೆ ಹನ್ನೊಂದೇ ಅಂಗುಲ. ಒಂಬತ್ತಡಿಯ ಹುಲಿ ಹತ್ತಡಿ ಹತ್ತಿರಕ್ಕೆ! ಕಥೆ ನಿಜವೋ ಸುಳ್ಳೋ, ಅಧಿಕಾರಿಯ ಮುಂದೆ ಹುಲಿ ಬೆಳೆಯುವುದನ್ನು ನಂಬದ ಗುಮಾಸ್ತ ನಮ್ಮ ದೇಶದಲ್ಲಿಲ್ಲ.

ಅಣ್ಣನ ಅಪ್ಪ ಜಾನ್ ಟೇಲರ್ ಕಂಪನಿಯ ಕಾಲದಲ್ಲಿ ಗಣಿಗೆ ಸೇರಿದವರು. ಒಬ್ಬ ದೊರೆಯ ಜೊತೆ ಶಿಕಾರಿಗೆ ಹೋಗಿ ಚಿರತೆ ಹೊತ್ತುಕೊಂಡು ಬಂದಿದ್ದರಂತೆ. ಕಾಡಿನಲ್ಲಿ ಅವರೇ ಗೂಟ ಹೊಡೆದದ್ದು. ಆರಡಿ ಎರಡಂಗುಲ. ಸಾಯಂಕಾಲ ಕ್ಲಬ್ಬಿನಲ್ಲಿ ಅದು ಆರಡಿ ಹತ್ತು. ಕ್ರಿಸ್‌ಮಸ್ ಹೊತ್ತಿಗೆ ಏಳೂವರೆ. "ದೊರೆ ಇಂಗ್ಲೆಂಡಿಗೆ ಓಗೋ ಒತ್ತಿಗೆ ಅದು ಉಲಿ ಆಗಿತ್ತು ಮೇಷ್ಟ್ರೇ. ನಮ್ಮಪ್ಪ ಬಾಯ್ಬಿಡಂಗಿಲ್ಲ, ಕೂಲಿ ಓಗ್ತೈತೆ."

ಹೊಡೆದದ್ದನ್ನೆಲ್ಲ ಒಪ್ಪ ಮಾಡಿ ಕೊಡುತ್ತಿದ್ದವರು ಮೈಸೂರಿನ ವಾನ್ ಇಂಗೆನ್ ಮನೆತನ. 1900ರ ಹೊತ್ತಿಗೆ ಶುರುವಾದ ಅವರ ಕಾರ್ಖಾನೆ 1999ರವರೆಗೂ ಇತ್ತು. ಬಾಯಿ ತೆರೆದು ಗುರ್ರೆನ್ನುವ ಹುಲಿತಲೆ ಯಾವ ಅರಮನೆಯಲ್ಲಿ ಕಂಡರೂ ಅದರ ಕೆಳಗೆ ಮೈಸೂರಿನ ಹೆಸರಿರುವ ಸಂಭವ ಹೆಚ್ಚು. ಕೊನೆಯವರಾದ ಜೂಬರ್ಟ್ ವಾನ್ ಇಂಗೆನ್ 2013ರಲ್ಲಿ, ನೂರು ದಾಟಿದ ಮೇಲೆ ತೀರಿಕೊಂಡರು. ಅವರ ಕೈಯಲ್ಲಿ ಹಾದುಹೋದ ಹುಲಿಗಳಿಗೆ ಅಷ್ಟು ಆಯುಸ್ಸು ಸಿಗಲಿಲ್ಲ.

ಹೊಸೂರಿನ ಆಚೆ ಜವಳಗಿರಿಯ ನರಭಕ್ಷಕ ಹೆಣ್ಣುಹುಲಿಯನ್ನು ಹೊಡೆದ ಕೆನೆತ್ ಆಂಡರ್ಸನ್ ನಮಗೆ ಪರಿಚಯವಾದದ್ದು ಪೂರ್ಣಚಂದ್ರ ತೇಜಸ್ವಿಯವರ ಕನ್ನಡದಲ್ಲಿ. ಅವರ ಕಾಡಿನ ಕಥೆಗಳನ್ನು ಓದಿದವರಿಗೆ ಬೈರ, ಮುನಿಶಾಮಿ, ಬಂಡಿ ದಾರಿ, ಮಚಾನು ನೆನಪಿರುತ್ತವೆ. ಹುಲಿಯ ಉದ್ದ ಎಷ್ಟಿತ್ತು ಅಂತ ಯಾರಿಗೂ ನೆನಪಿರುವುದಿಲ್ಲ. ಒಳ್ಳೇ ಕಥೆ ಹೇಳಬಲ್ಲವನಿಗೆ ಟೇಪಿನ ಹಂಗು ಕಡಿಮೆ ಅನ್ನುವುದು ನನ್ನ ಎಣಿಕೆ.

ಇಷ್ಟೆಲ್ಲ ಹೇಳಿ ನಾನು ಅಳಿಯಂದಿರ ವಿಷಯದಲ್ಲಿ ಸ್ವಲ್ಪ ಮೂಗು ಮುರಿದೆ. ಅಣ್ಣ ಬಿಡಲಿಲ್ಲ. ಅಲ್ಲಿಯ ಕಾಡಿನಲ್ಲಿ ಒಂದು ಕಾಲಕ್ಕೆ ಟರ್ಕಿ ನಿರ್ನಾಮವಾಗುವ ಹಂತಕ್ಕೆ ಬಂದಿತ್ತು, ಕಾಡು ಕಡಿದು, ಸಿಕ್ಕಸಿಕ್ಕಷ್ಟು ಹೊಡೆದು. 1937ರಲ್ಲಿ ಅಮೆರಿಕದವರು ಬಂದೂಕು, ತೋಟಾಗಳ ಮೇಲಿನ ತೆರಿಗೆಯನ್ನು ಕಾಡುಪ್ರಾಣಿಗಳಿಗೇ ಮೀಸಲಿಡುವ ಕಾನೂನು ತಂದರು. ಉದ್ದ ಬಂದೂಕು, ತೋಟಾಗಳಿಗೆ ಆ ತೆರಿಗೆ ನೂರಕ್ಕೆ ಹನ್ನೊಂದು. ಉಳಿದಿದ್ದ ಹಕ್ಕಿಗಳನ್ನು ದೊಡ್ಡ ಬಲೆ ಹಾರಿಸಿ ಹಿಡಿದು, ಖಾಲಿಯಾದ ಕಾಡುಗಳಿಗೆ ಒಯ್ದು ಬಿಟ್ಟರು. ಈಗ ಊರೊಳಗೇ ಬಂದು ಕಾರಿಗೆ ಅಡ್ಡ ನಿಲ್ಲುವಷ್ಟು ಆಗಿವೆ. ಹೊಡೆಯುವವನ ದುಡ್ಡಿನಿಂದಲೇ ಹಕ್ಕಿ ಉಳಿಯಿತು ಅನ್ನುವುದು ಅಣ್ಣನ ವಾದ. ನನಗೆ ಪೂರ್ತಿ ರುಚಿಸಲಿಲ್ಲ, ಆದರೆ ಅಲ್ಲಗಳೆಯುವುದಕ್ಕೂ ಆಗಲಿಲ್ಲ. ನಾವು ಬೇರೆ ದಾರಿ ಹಿಡಿದೆವು: 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ. ಟೊಮ್ಯಾಟೊ ತೋಟಕ್ಕೆ ನುಗ್ಗುವ ನವಿಲನ್ನೂ ಹೊಡೆಯುವಂತಿಲ್ಲ, ಕೌಜುಗಕ್ಕೆ ಉರುಳು ಹಾಕುವಂತಿಲ್ಲ. ನಮ್ಮ ಕೋಲಾರದ ರೈತ ನವಿಲಿಗೆ ಯಾವ ಮಾರ್ಕೂ ಕೊಡುವುದಿಲ್ಲ, ಬರೀ ಬೈಗುಳ.

ಬೇಟೆ ನಿಂತರೂ ಅಳತೆಯ ಚಪಲ ನಿಂತಿಲ್ಲ. ಮೈಸೂರಿನಲ್ಲಿ ದಸರಾ ಆನೆಗಳು ಬಂದ ಕೂಡಲೇ ಅವುಗಳನ್ನು ಲಾರಿ ತೂಗುವ ವೇಬ್ರಿಡ್ಜಿಗೆ ಹತ್ತಿಸುತ್ತಾರೆ, ಮಾರನೆಯ ದಿನ ಪೇಪರಿನಲ್ಲಿ ಯಾವ ಆನೆ ಎಷ್ಟು ಕೆಜಿ ಅಂತ ಪಟ್ಟಿ. ಅಭಿಮನ್ಯು ಐದು ಟನ್ ದಾಟಿದ್ದಾನೆ ಅಂತ ಓದಿ ನಮ್ಮ ಮನೆಯ ಸಂಬಂಧಿಕನೇನೋ ಅನ್ನುವ ಹಾಗೆ ಹಿಗ್ಗುತ್ತೇವೆ. ಇದು ತಪ್ಪಲ್ಲ. ಸುಮಾರು 750 ಕೆಜಿಯ ಅಂಬಾರಿ ಹೊರಬೇಕಾದವನು ತಿಂದು ದುಂಡಗಾಗಿದ್ದಾನೋ ಇಲ್ಲವೋ ನೋಡಲೇಬೇಕು. ಹುಲಿಯ ವಿಷಯದಲ್ಲೂ ಅಷ್ಟೆ. 1990ರ ದಶಕದ ಮೊದಲಲ್ಲಿ ನಾಗರಹೊಳೆಯಲ್ಲಿ ಉಲ್ಲಾಸ ಕಾರಂತರು ಮರಕ್ಕೆ ಕ್ಯಾಮೆರಾ ಕಟ್ಟಿ, ಮೈಪಟ್ಟೆ ನೋಡಿ ಒಂದೊಂದು ಹುಲಿಯನ್ನೂ ಗುರುತು ಹಿಡಿಯುವ ಲೆಕ್ಕ ತಂದರು. 2022ರ ಗಣತಿಯಲ್ಲಿ ಕರ್ನಾಟಕಕ್ಕೆ 563. ಗೂಟದಿಂದ ಗೂಟಕ್ಕೆ ಎಷ್ಟು ಅಂತ ಯಾರೂ ಕೇಳಲಿಲ್ಲ.

ನಮ್ಮ ಜಿಲ್ಲೆಯಲ್ಲಿ ಹುಲಿಯಿಲ್ಲ, ಆನೆಯ ಕಾಟ ಇದೆ. ಬಂಗಾರಪೇಟೆ ತಾಲ್ಲೂಕಿನ ಕಾಮಸಮುದ್ರದ ಕಡೆ, ಹೈದರಾಲಿ ಹುಟ್ಟಿದ ಬೂದಿಕೋಟೆಯ ಕಡೆ, ತಮಿಳುನಾಡು ಆಂಧ್ರದ ಗಡಿಕಾಡುಗಳಿಂದ ಬರುತ್ತವೆ. ಗಡಿಯಾಚೆ ಕುಪ್ಪಂ ಸುತ್ತಿನ ಕಾಡಿಗೂ ಅವು ಬಂದು ನೆಲೆಸಿದ್ದು 1980ರ ದಶಕದಲ್ಲಿ. ಅಲ್ಲಿಯ ಕೌಂಡಿನ್ಯ ಅಭಯಾರಣ್ಯ ಆಮೇಲಿನದು. ಬಂದ ರಾತ್ರಿ ರಾಗಿ ಹೊಲ, ಬಾಳೆ ತೋಟ ನೆಲಸಮ. ಬೆಳಿಗ್ಗೆ ಮಾರಿಕುಪ್ಪಂ ರೈಲಿನಲ್ಲಿ ಅದೇ ಮಾತು. ಬೆಂಗಳೂರಿಗೆ ಕೆಲಸಕ್ಕೆ ಹೋಗುವವರೆಲ್ಲ ಹತ್ತುವ ಗಾಡಿ ಅದು. ಮಾರಿಕುಪ್ಪಂನಲ್ಲಿ ಎಂಟಡಿಯಿದ್ದ ಆನೆ ಕೋರಮಂಡಲ್ ದಾಟುವಾಗ ಹತ್ತಡಿಯಾಗಿ, ಬಂಗಾರಪೇಟೆ ಜಂಕ್ಷನ್ನಿನಲ್ಲಿ ಇಳಿಯುವ ಹೊತ್ತಿಗೆ ಹನ್ನೆರಡಡಿ. ಪಾನಿಪೂರಿ ಗಾಡಿಯ ಮುಂದೆ, ಆ ನೀರಿನಂಥ ತಿಳಿ ಪಾನಿಯ ಖಾರಕ್ಕೆ ಮೂಗು ಒರೆಸಿಕೊಳ್ಳುತ್ತ ಹೇಳುವಾಗ ಹದಿನೈದು. ನಮ್ಮ ಏಷ್ಯಾದ ಆನೆ ಭುಜದವರೆಗೆ ಹತ್ತಡಿ ದಾಟುವುದೇ ಅಪರೂಪ.

ಹಳೇ ಶಿಕಾರಿಗಳು ಆನೆಯನ್ನೂ ಬಿಟ್ಟವರಲ್ಲ. ನೆಲದಿಂದ ಟೇಪು ಹಾಯಿಸಿ, ಭುಜದ ಮೇಲೆ ಹೊದಿಸಿ, ಆಚೆ ಬದಿ ಮತ್ತೆ ನೆಲ ಮುಟ್ಟಿಸಿ, ಬಂದದ್ದರಲ್ಲಿ ಅರ್ಧ ಎತ್ತರ ಅನ್ನುತ್ತಿದ್ದರು. ಆನೆಯ ಹೊಟ್ಟೆಯ ದಪ್ಪವೆಲ್ಲ ಎತ್ತರಕ್ಕೆ ಸೇರಿಬಿಡುತ್ತಿತ್ತು. ಮೈಸೂರು ಸೀಮೆಯಲ್ಲಿ ಆನೆ ಹಿಡಿಯುವ ಖೆಡ್ಡಾ ನಡೆಸಿದ ಸ್ಯಾಂಡರ್ಸನ್ ಇಂಥ ಉಬ್ಬಿಸಿದ ಎತ್ತರಗಳನ್ನು ಒಪ್ಪುತ್ತಿರಲಿಲ್ಲ. 1878ರಲ್ಲಿ ಪ್ರಕಟವಾದ ಅವನ ಪುಸ್ತಕದಲ್ಲಿ ಆನೆಯ ನಿಜವಾದ ಎತ್ತರದ ಚರ್ಚೆಯೇ ಇದೆ. ಮಾವುತರ ಲೆಕ್ಕವೂ ಅವನಿಗೆ ಗೊತ್ತಿತ್ತು: ಮುಂಗಾಲಿನ ಹೆಜ್ಜೆಯ ಸುತ್ತಳತೆ ತೆಗೆದು ಎರಡರಿಂದ ಗುಣಿಸಿದರೆ ಭುಜದ ಎತ್ತರ, ಹೆಚ್ಚುಕಡಿಮೆ ಸರಿಯಾಗಿ. ಹೆಜ್ಜೆ ನಾಲ್ಕೂವರೆ ಅಡಿ ಸುತ್ತಿದ್ದರೆ ಆನೆ ಒಂಬತ್ತಡಿ. ಆನೆ ಎದುರಿಗಿರಬೇಕಾಗಿಯೇ ಇಲ್ಲ. ಇದ್ದರೆ ಅಳೆಯುವವನು ಇರುವುದಿಲ್ಲ.

ಈ ಲೆಕ್ಕ ಅಣ್ಣನಿಗೆ ಬಹಳ ಹಿಡಿಸಿತು. ಗುಣಾಕಾರ ಒಂದೇ, ಔನ್ಸಿನ ಗೊಂದಲವಿಲ್ಲ, ಹಕ್ಕಿ ಸಾಯಬೇಕಾಗಿಲ್ಲ. ಮುಂದಿನ ಸಲ ಕಾಮಸಮುದ್ರದ ಭಾವಮೈದುನನ ಹೊಲಕ್ಕೆ ಆನೆ ಬಂದರೆ ತಾವೇ ಹೋಗಿ ಹೆಜ್ಜೆ ಅಳೆದು, ರೈಲಿನವರ ಹದಿನೈದಡಿಯ ಬಾಯಿ ಮುಚ್ಚಿಸುತ್ತೇನೆ ಅಂತ ಮನೆಯೊಳಗಿಂದ ಸ್ಟೀಲ್ ಟೇಪು ತಂದು ಬೇಲಿಯ ಮೇಲೆ ಅಳೆದು ತೋರಿಸಿದರು. ಅಕ್ಕ ಅದನ್ನು ಕಿತ್ತುಕೊಂಡು ಒಳಗೆ ಹೋದರು.

ಅಕ್ಕ ಮಾಡಿದ್ದೇ ಸರಿ. ಆ ಕಡೆಯ ಓದುಗರು ಯಾರಾದರೂ ಇದ್ದರೆ ನಿಮಗೂ ಒಂದು ಮಾತು. ಹೊಲದಲ್ಲಿ ಬೆಳಗಿನ ಜಾವ ಹಸಿ ಹೆಜ್ಜೆ ಕಂಡರೆ ಟೇಪು ಹಿಡಿದು ಹೋಗಬೇಡಿ. ಹೆಜ್ಜೆ ಹಸಿಯಿದ್ದರೆ ಆನೆ ದೂರ ಹೋಗಿರುವುದಿಲ್ಲ. ಮೊದಲು ಫಾರೆಸ್ಟಿನವರಿಗೆ ಫೋನ್ ಮಾಡಿ. ಅಳೆಯುವುದಿದ್ದರೆ ಅವರು ಅಳೆಯಲಿ.